ನಾರ್ಸ್ ರಾಜರ ಕಥೆಗಳಲ್ಲಿ ಅಧಿಕಾರ ಯಾರ ಕೈಲಿದೆ ಅಂತ ಪತ್ತೆ ಹಚ್ಚೋದು ಹೇಗೆ

ನಾರ್ವೆ, ಐಸ್‌ಲ್ಯಾಂಡ್ ಕಡೆಯ ಹಳೆಯ ಸಾಗಾಗಳನ್ನು, ಅಂದರೆ ನಾರ್ಸ್ ಭಾಷೆಯ ಗದ್ಯ ಕಥೆಗಳನ್ನು, ಓದಲು ಕೂತವರು ಹೆಚ್ಚಾಗಿ ಎಡವೋದು ಒಂದೇ ಜಾಗದಲ್ಲಿ. ರಾಜ ಅಂದ ಕೂಡಲೇ ಸಿಂಹಾಸನ, ಕಿರೀಟ, ಆಜ್ಞೆ, ತಲೆ ಬಾಗುವ ಪ್ರಜೆಗಳು ಅಂತ ಮನಸ್ಸಿನಲ್ಲಿ ಒಂದು ಚಿತ್ರ ಮೊದಲೇ ಇರುತ್ತದೆ. ಆಮೇಲೆ ಕಥೆಯಲ್ಲಿ ಯಾರೋ ಒಬ್ಬ ರೈತ ಎದ್ದು ನಿಂತು ರಾಜನನ್ನೇ ಗದರಿಸುತ್ತಾನೆ, ರಾಜ ತುಟಿ ಬಿಚ್ಚದೆ ಕೇಳಿಸಿಕೊಳ್ಳುತ್ತಾನೆ, ಓದುವವರಿಗೆ ತಲೆಬುಡ ಅರ್ಥವಾಗುವುದಿಲ್ಲ. ನನ್ನ ಉಪಾಯ ಸರಳ. ರಾಜ ಏನು ಮಾಡಿದ ಅನ್ನುವುದನ್ನು ಪಕ್ಕಕ್ಕಿಡಿ. ಅವನಿಂದ ಏನು ಮಾಡಲು ಆಗಲಿಲ್ಲ, ಯಾರು ತಡೆದರು ಅಂತ ಹುಡುಕಿ. ಅಧಿಕಾರ ಎಲ್ಲಿದೆ ಅಂತ ತಾನಾಗಿಯೇ ಕಾಣುತ್ತದೆ.

ಹತ್ತನೇ ಶತಮಾನದ ಹಾಕೋನ್ ರಾಜನ ಕಥೆಯಲ್ಲಿ ಇದನ್ನು ಪ್ರಯೋಗ ಮಾಡಿ ನೋಡೋಣ. ಇಂಗ್ಲೆಂಡಿನ ಅಥೆಲ್‌ಸ್ಟನ್ ರಾಜನ ಆಸರೆಯಲ್ಲಿ ಬೆಳೆದ ಹುಡುಗ, ಕ್ರೈಸ್ತ. ನಾರ್ವೆಯಲ್ಲಿ ರಾಜನಾಗಲು ರೈತರ ಒಪ್ಪಿಗೆ ಬೇಕಿತ್ತು, ಅದಕ್ಕಾಗಿ ಅವರ ಪಿತ್ರಾರ್ಜಿತ ಜಮೀನಿನ ಹಕ್ಕನ್ನು ವಾಪಸ್ ಕೊಡುತ್ತೇನೆ ಅಂತ ಮಾತು ಕೊಟ್ಟಿದ್ದ. ರಾಜನಾಗಿ ಕೆಲವು ವರ್ಷ ಕಳೆದ ಮೇಲೆ ಫ್ರೋಸ್ಟಾದ ಥಿಂಗ್‌ನಲ್ಲಿ ಎದ್ದು ನಿಂತು, ಎಲ್ಲರೂ ಕ್ರೈಸ್ತರಾಗಬೇಕು, ಬಲಿ ಕೊಡೋದು ನಿಲ್ಲಿಸಬೇಕು, ವಾರಕ್ಕೊಂದು ದಿನ ಕೆಲಸ ಬಿಡಬೇಕು, ಒಂದು ದಿನ ಉಪವಾಸ ಮಾಡಬೇಕು ಅಂತ ಕೇಳಿದ. ಥಿಂಗ್ ಅಂದರೆ ಸ್ವತಂತ್ರ ರೈತರು ಬಯಲಲ್ಲಿ ಸೇರಿ ಕಾನೂನು, ವ್ಯಾಜ್ಯ, ರಾಜನ ಆಯ್ಕೆ ಎಲ್ಲವನ್ನೂ ತೀರ್ಮಾನಿಸುತ್ತಿದ್ದ ಸಭೆ. ಜನ ಗೊಣಗಲು ಶುರು ಮಾಡಿದರು. ಕೆಲಸ ಬಿಟ್ಟರೆ ಜಮೀನು ನೋಡೋರು ಯಾರು ಅಂತ ರೈತರು, ಊಟ ಬಿಟ್ಟರೆ ಕೆಲಸ ಮಾಡೋದು ಹೇಗೆ ಅಂತ ಆಳುಗಳು. ಕೊನೆಗೆ ಮೆಡಾಲ್‌ಹೂಸ್‌ನ ಆಸ್ಬ್ಯೋರ್ನ್ ಎಂಬ ರೈತ ಎದ್ದು ನೇರವಾಗಿಯೇ ಹೇಳಿದ: ಈ ವಿಷಯದಲ್ಲಿ ಹಟ ಹಿಡಿದರೆ ನಾವೆಲ್ಲ ಸೇರಿ ಬೇರೆ ರಾಜನನ್ನು ಆರಿಸಿಕೊಳ್ಳುತ್ತೇವೆ.

ಆಮೇಲೆ ಲಾಡೆಯಲ್ಲಿ ನಡೆದ ಹಬ್ಬದ ಊಟವನ್ನು ನಿಧಾನವಾಗಿ ಓದಿ. ಮದ್ಯದ ಕೊಂಬು ಕೈಗೆ ಬಂದಾಗ ಹಾಕೋನ್ ಅದರ ಮೇಲೆ ಶಿಲುಬೆ ಗುರುತು ಹಾಕುತ್ತಾನೆ. ಇದೇನು ಅಂತ ಒಬ್ಬ ಕೇಳುತ್ತಾನೆ. ಪಕ್ಕದಲ್ಲಿದ್ದ ಯಾರ್ಲ್ ಸಿಗುರ್ಡ್, ಅಂದರೆ ಆ ಸೀಮೆಯ ದೊಡ್ಡ ಪಾಳೆಯಗಾರ, ತಕ್ಷಣ ಅದು ಥೋರ್ ದೇವರ ಸುತ್ತಿಗೆಯ ಗುರುತು ಅಂತ ಹೇಳಿ ಮಾತು ಹಾರಿಸುತ್ತಾನೆ. ಮಾರನೇ ದಿನ ಬಲಿಯ ಕುದುರೆ ಮಾಂಸ ತಿನ್ನಿ ಅಂತ ಒತ್ತಾಯ. ರಾಜ ಒಲ್ಲೆ ಅನ್ನುತ್ತಾನೆ. ಸಾರನ್ನಾದರೂ ಕುಡಿಯಿರಿ, ಅದೂ ಬೇಡ. ಜನ ಮೇಲೆ ಬೀಳುವಷ್ಟು ಸಿಟ್ಟಾದಾಗ ಸಿಗುರ್ಡ್ ಮತ್ತೆ ನಡುವೆ ಬಂದು ರಾಜಿ ಮಾಡಿಸುತ್ತಾನೆ. ಮಾಂಸ ಬೆಂದ ಕಡಾಯಿಯ ಹಿಡಿಗೆ ಜಿಡ್ಡು ಹತ್ತಿರುತ್ತದಲ್ಲ, ಅದರ ಮೇಲೆ ಬಾಯಿ ತೆರೆದರೆ ಸಾಕು. ರಾಜ ಹಿಡಿಗೆ ಬಟ್ಟೆ ಸುತ್ತಿ, ಅದರ ಮೇಲೆ ಬಾಯಿ ತೆರೆದು, ಎದ್ದು ಹೋಗಿ ತನ್ನ ಜಾಗದಲ್ಲಿ ಕೂರುತ್ತಾನೆ. ಎರಡೂ ಕಡೆಯವರಿಗೆ ತೃಪ್ತಿ ಇಲ್ಲ. ಈ ಒಂದು ಊಟದಲ್ಲಿ ಆ ಕಾಲದ ರಾಜಕೀಯವೆಲ್ಲ ಇದೆ ಅಂತ ನನ್ನ ಅನಿಸಿಕೆ: ರಾಜನಿಗೆ ಹೆಸರಿದೆ, ರೈತರಿಗೆ ಸಂಖ್ಯಾಬಲ ಇದೆ, ನಡುವೆ ನಿಂತು ಇಬ್ಬರನ್ನೂ ಸಂಭಾಳಿಸುವ ಯಾರ್ಲ್ ಇಲ್ಲದಿದ್ದರೆ ಬಂಡಿ ಉರುಳುವುದೇ ಇಲ್ಲ.

ಬರೆದವನ ಕಾಲ ಯಾವುದು ಅಂತ ಮೊದಲು ನೋಡಿ

ಮೇಲಿನ ಕಥೆ ನಮಗೆ ಸಿಗೋದು ಸ್ನೋರಿ ಸ್ಟುರ್ಲುಸನ್ ಬರೆದದ್ದು ಅಂತ ಒಪ್ಪಿರುವ ಹೈಮ್ಸ್‌ಕ್ರಿಂಗ್ಲಾ ಎಂಬ ನಾರ್ವೆ ರಾಜರ ಸಾಗಾಗಳ ಸಂಗ್ರಹದಲ್ಲಿ. ಅದು ಸುಮಾರು 1230ರ ಗ್ರಂಥ. ಹಾಕೋನ್ ಸತ್ತದ್ದು ಸುಮಾರು 961ರಲ್ಲಿ. ನಡುವೆ ಎರಡೂವರೆ ಶತಮಾನಕ್ಕಿಂತ ಜಾಸ್ತಿ ಅಂತರ ಇದೆ. ಹಾಗಾಗಿ ಕಡಾಯಿಯ ಹಿಡಿ ನಿಜವಾಗಿಯೂ ಇತ್ತಾ ಅಂತ ತಲೆ ಕೆಡಿಸಿಕೊಂಡರೆ ಪ್ರಯೋಜನವಿಲ್ಲ. ಹದಿಮೂರನೇ ಶತಮಾನದ ಒಬ್ಬ ಐಸ್‌ಲ್ಯಾಂಡಿನವ ರಾಜತ್ವದ ಬಗ್ಗೆ ಹೇಗೆ ಯೋಚಿಸುತ್ತಿದ್ದ ಅನ್ನುವುದಕ್ಕೆ ಮಾತ್ರ ಇದು ಗಟ್ಟಿ ಸಾಕ್ಷಿ.

ಆ ಐಸ್‌ಲ್ಯಾಂಡಿನವ ಎಂಥವನು ಅನ್ನುವುದೂ ಮುಖ್ಯ. ಐಸ್‌ಲ್ಯಾಂಡಿಗೆ ರಾಜನೇ ಇರಲಿಲ್ಲ. ಸುಮಾರು 930ರಿಂದ ಆಲ್ಥಿಂಗ್ ಎಂಬ ಸಭೆ, ಗೋಡಿ ಎಂಬ ಮುಖಂಡರು, ಕಾನೂನನ್ನು ಬಾಯಿಪಾಠವಾಗಿ ಹೇಳುವ ಒಬ್ಬ ಅಧಿಕಾರಿ, ಇಷ್ಟರಲ್ಲೇ ದೇಶ ನಡೆಯುತ್ತಿತ್ತು. ಸ್ನೋರಿ ಎರಡು ಬಾರಿ ಆ ಕಾನೂನು ಹೇಳುವ ಹುದ್ದೆಯಲ್ಲಿದ್ದ. ನಾರ್ವೆಯ ರಾಜ ಹಾಕೋನ್ ಹಾಕೋನಾರ್ಸನ್‌ನ ಆಸ್ಥಾನಕ್ಕೆ ಹೋಗಿ ಪದವಿ ಪಡೆದ, ಮುಂದೆ ಅದೇ ರಾಜ ಬೇಡ ಅಂದರೂ ಹಡಗು ಹತ್ತಿ ಊರಿಗೆ ಬಂದ, 1241ರಲ್ಲಿ ರೈಕ್‌ಹೋಲ್ಟ್‌ನ ತನ್ನ ಮನೆಯಲ್ಲೇ ಆ ರಾಜನ ಪರವಾಗಿ ಬಂದವರ ಕೈಯಲ್ಲಿ ಸತ್ತ. ರಾಜರ ಬಗ್ಗೆ ಬರೆಯುವಾಗ ಇವನಿಗೆ ಒಂದು ಕಣ್ಣಲ್ಲಿ ಮೆಚ್ಚುಗೆ, ಇನ್ನೊಂದರಲ್ಲಿ ಅನುಮಾನ ಇದ್ದರೆ ಆಶ್ಚರ್ಯವೇನು?

ಹೀಗೆ ಪ್ರತಿ ಸಾಗಾಕ್ಕೂ ಯಾರ ಕಾಸಿನಲ್ಲಿ ಬರೆದದ್ದು ಅಂತ ವಿಚಾರಿಸಿ. ಹನ್ನೆರಡನೇ ಶತಮಾನದ ಕೊನೆಯಲ್ಲಿ ನಾರ್ವೆ ಆಳಿದ ಸ್ವೆರೆ ರಾಜನ ಸಾಗಾದ ಮುನ್ನುಡಿಯಲ್ಲೇ ಒಂದು ಮಾತಿದೆ: ಮೊದಲ ಭಾಗವನ್ನು ಕಾರ್ಲ್ ಯೋನ್ಸನ್ ಎಂಬ ಮಠಾಧಿಪತಿ ಬರೆಯುವಾಗ ರಾಜನೇ ಪಕ್ಕದಲ್ಲಿ ಕೂತು ಏನು ಬರೆಯಬೇಕು ಅಂತ ತೀರ್ಮಾನಿಸುತ್ತಿದ್ದ. ಇಷ್ಟು ಪ್ರಾಮಾಣಿಕವಾದ ಜಾಹೀರಾತು ನಾನು ಬೇರೆಲ್ಲೂ ಕಂಡಿಲ್ಲ.

ಊಟ ಯಾರದು, ಧಾನ್ಯ ಯಾರದು

ಆಗಿನ ರಾಜನಿಗೆ ಒಂದೇ ರಾಜಧಾನಿ ಅಂತ ಇರಲಿಲ್ಲ. ತನ್ನ ಪಡೆಯನ್ನು ಕಟ್ಟಿಕೊಂಡು ಸೀಮೆಯಿಂದ ಸೀಮೆಗೆ ಹೋಗುತ್ತಿದ್ದ, ಅಲ್ಲಲ್ಲಿಯ ಜನ ಅವನಿಗೂ ಪಡೆಗೂ ಊಟ ಹಾಕಬೇಕಿತ್ತು. ಆದ್ದರಿಂದ ಕಥೆಯಲ್ಲಿ ಊಟ, ಧಾನ್ಯ, ಮಾಲ್ಟ್, ಹಡಗು ಬಂದಾಗೆಲ್ಲ ಅಲ್ಲಿ ರಾಜಕೀಯ ನಡೆಯುತ್ತಿದೆ ಅಂತಲೇ ತಿಳಿಯಿರಿ. ನನ್ನ ಮೆಚ್ಚಿನ ಉದಾಹರಣೆ ನಾರ್ವೆಯ ರಾಜ ಓಲಾಫ್ ಹರಾಲ್ಡ್‌ಸನ್ ಕಾಲದ ಆಸ್ಬ್ಯೋರ್ನ್‌ನದು. ಇವನು ಹಾಕೋನ್ ಕಥೆಯಲ್ಲಿ ಬಂದ ರೈತ ಅಲ್ಲ, ಬೇರೆಯವನು. ಈ ಹೆಸರು ಅಲ್ಲಿ ಬೀದಿಗೊಂದು.

ಉತ್ತರದ ತುದಿಯ ಟ್ರೊಂಡೆನೆಸ್‌ನ ದೊಡ್ಡ ಮನೆತನದ ಹುಡುಗ. ಅಪ್ಪ ವರ್ಷಕ್ಕೆ ಮೂರು ಸಲ ಊರಿಗೆಲ್ಲ ಊಟ ಹಾಕುತ್ತಿದ್ದ, ಮಗನೂ ಬಿಡಲಿಲ್ಲ, ಏಕೆಂದರೆ ಊಟ ನಿಂತರೆ ಹಿರಿತನವೂ ಹೋದ ಹಾಗೆ. ಅಷ್ಟರಲ್ಲಿ ಬೆಳೆ ಕೈಕೊಟ್ಟಿತು. ಧಾನ್ಯ ಕೊಳ್ಳಲು ದಕ್ಷಿಣಕ್ಕೆ ಹಡಗಿನಲ್ಲಿ ಬಂದರೆ, ದಕ್ಷಿಣದ ಧಾನ್ಯವನ್ನು ಉತ್ತರಕ್ಕೆ ಮಾರಕೂಡದು ಅಂತ ರಾಜನ ಕಟ್ಟಪ್ಪಣೆ. ಅವಾಲ್ಡ್ಸ್‌ನೆಸ್‌ನಲ್ಲಿ ರಾಜನ ಪಾರುಪತ್ಯಗಾರ ತೋರೆ ಸೆಲ್ ಹಿಂದಕ್ಕೆ ಹೋಗು ಅಂದ. ಈ ತೋರೆ ಕೀಳು ಕುಲದಲ್ಲಿ ಹುಟ್ಟಿ, ಮೈಮುರಿದು ದುಡಿದು ಮೇಲೆ ಬಂದವನು. ಆಸ್ಬ್ಯೋರ್ನ್ ಸೋಲಾದಲ್ಲಿದ್ದ ಸೋದರಮಾವ ಎರ್ಲಿಂಗ್ ಸ್ಕ್ಯಾಲ್ಗ್‌ಸನ್ ಹತ್ತಿರ ಹೋದ. ಎರ್ಲಿಂಗ್ ಆ ಕರಾವಳಿಗೆಲ್ಲ ದೊಡ್ಡ ಕುಳ, ಆದರೂ ಅಪ್ಪಣೆಯನ್ನು ಬಹಿರಂಗವಾಗಿ ಮುರಿಯಲಾರ. ಅವನು ಹುಡುಕಿದ ದಾರಿ ನೋಡಿ: ನನ್ನ ಗುಲಾಮರ ಹತ್ತಿರ ಕೊಂಡುಕೋ, ಅವರು ಕಾನೂನಿನ ಒಳಗೇ ಬರೋದಿಲ್ಲ, ಹಾಗಾಗಿ ಅಪ್ಪಣೆ ಅವರಿಗೆ ತಟ್ಟೋದಿಲ್ಲ.

ವಾಪಸ್ ಬರುವಾಗ ತೋರೆ ಸೆಲ್ ಅರವತ್ತು ಜನರೊಂದಿಗೆ ಬಂದು ಧಾನ್ಯವನ್ನೆಲ್ಲ ಇಳಿಸಿಕೊಂಡ. ಸಾಲದ್ದಕ್ಕೆ ಹಡಗಿನ ಒಳ್ಳೆಯ ಹಾಯಿಯನ್ನೂ ಕಿತ್ತುಕೊಂಡು ಹಳೇದೊಂದನ್ನು ಕೊಟ್ಟು ಕಳಿಸಿದ. ಊರಲ್ಲಿ ಹುಡುಗನಿಗೆ ನಗೆಪಾಟಲು. ಮುಂದಿನ ಈಸ್ಟರ್ ವಾರ ಅವನು ಮತ್ತೆ ಅವಾಲ್ಡ್ಸ್‌ನೆಸ್‌ಗೆ ಬಂದ, ಒಬ್ಬನೇ ಒಳಗೆ ಹೋದ. ಬಾಗಿಲ ಬಳಿ ನಿಂತಾಗ ಒಳಗೆ ತೋರೆ ರಾಜನ ಮುಂದೆ ಅದೇ ಕಥೆ ಹೇಳುತ್ತಿದ್ದ: ಧಾನ್ಯ ಇಳಿಸುವಾಗ ತಡೆದುಕೊಂಡ, ಹಾಯಿ ತೆಗೆದಾಗ ಮಾತ್ರ ಅತ್ತುಬಿಟ್ಟ. ಆಸ್ಬ್ಯೋರ್ನ್ ಕತ್ತಿ ಹಿರಿದು ನುಗ್ಗಿದ. ತೋರೆಯ ತಲೆ ರಾಜನ ಮುಂದಿನ ಮೇಜಿನ ಮೇಲೆ ಬಿತ್ತು, ಮುಂಡ ರಾಜನ ಕಾಲ ಬಳಿ.

ಈಗ ನಮ್ಮ ಪ್ರಶ್ನೆ. ಹಬ್ಬದ ದಿನ, ತನ್ನದೇ ಬಿಡದಿಯಲ್ಲಿ, ತನ್ನ ಕಣ್ಣೆದುರೇ ತನ್ನ ಅಧಿಕಾರಿಯನ್ನು ಕೊಂದವನನ್ನು ರಾಜ ತಕ್ಷಣ ಕೊಲ್ಲಲಿಲ್ಲ ಯಾಕೆ? ಕೊಲ್ಲಬೇಕೆಂದೇ ಇದ್ದ. ಆದರೆ ಎರ್ಲಿಂಗ್‌ನ ಮಗ ಸ್ಕ್ಯಾಲ್ಗ್ ಅಲ್ಲೇ ಇದ್ದ, ದಂಡ ಕಟ್ಟುತ್ತೇವೆ ಅಂದ, ಆಗದಿದ್ದಾಗ ಸಿಟ್ಟಿನಲ್ಲಿ ಹೊರಟುಹೋದ. ರಾಜನ ಕಡೆಯವನೇ ಆದ ತೋರಾರಿನ್ ಎಂಬ ಐಸ್‌ಲ್ಯಾಂಡಿನವ ಏನೇನೋ ನೆಪ ಹೇಳಿ ಭಾನುವಾರದವರೆಗೆ ಕಾಲ ತಳ್ಳಿದ. ಅಷ್ಟರಲ್ಲಿ ಎರ್ಲಿಂಗ್ ಸುಮಾರು 1500 ಜನರನ್ನು ಕಟ್ಟಿಕೊಂಡು ಬಂದು ಸಾಲಾಗಿ ನಿಲ್ಲಿಸಿದ. ರಾಜಿಯಾಯಿತು. ಷರತ್ತು ಏನು ಗೊತ್ತಾ? ಆಸ್ಬ್ಯೋರ್ನ್ ತೋರೆಯ ಜಾಗದಲ್ಲಿ ರಾಜನ ಪಾರುಪತ್ಯಗಾರನಾಗಬೇಕು. ಮೇಲ್ನೋಟಕ್ಕೆ ಬಹುಮಾನ, ಒಳಗೆ ಅವಮಾನ, ಏಕೆಂದರೆ ಹುಟ್ಟಾ ದೊಡ್ಡ ಮನೆಯವನಿಗೆ ಅದು ಆಳಿನ ಕೆಲಸ. ಚಿಕ್ಕಪ್ಪ ತೋರೆ ಹುಂಡ್ ಇದನ್ನೇ ಹೇಳಿ ಅವನನ್ನು ತಡೆದ. ಹುಡುಗ ವಾಪಸ್ ಬರಲಿಲ್ಲ, ಮುಂದೆ ರಾಜನ ಕಡೆಯವನೊಬ್ಬನ ಈಟಿಗೆ ಬಲಿಯಾದ. ತಾಯಿ ಸಿಗ್ರಿಡ್ ಅದೇ ಈಟಿಯನ್ನು ತೋರೆ ಹುಂಡ್ ಕೈಗಿಟ್ಟು ಸೇಡು ತೀರಿಸು ಅಂದಳು. 1030ರಲ್ಲಿ ಸ್ಟಿಕ್ಲೆಸ್ಟಾಡ್‌ನ ಕಾಳಗದಲ್ಲಿ ಓಲಾಫ್ ರಾಜನನ್ನು ಇರಿದವರಲ್ಲಿ ಈ ತೋರೆ ಹುಂಡ್ ಒಬ್ಬ. ಒಂದು ಹಡಗು ಧಾನ್ಯದಿಂದ ಶುರುವಾದದ್ದು ಅಲ್ಲಿಗೆ ಬಂತು. ಓಲಾಫ್ ಸಂತನಾಗಿ ನಾರ್ವೆಯ ಶಾಶ್ವತ ರಾಜ ಅನ್ನಿಸಿಕೊಂಡದ್ದು ಆಮೇಲಿನ ಮಾತು. ಬದುಕಿದ್ದಾಗ ಅವನನ್ನು ಕೆಡವಿದ್ದು ಹೊರಗಿನ ಶತ್ರು ಮಾತ್ರ ಅಲ್ಲ, ಡೆನ್ಮಾರ್ಕಿನ ಕ್ನೂಟ್ ರಾಜನ ಬೆಂಬಲ ಪಡೆದ ತನ್ನದೇ ದೇಶದ ದೊಡ್ಡ ರೈತರು.

ಭಾಷಣಗಳನ್ನು ಹೇಗೆ ಓದಬೇಕು

ಉಪ್ಸಾಲಾದ ಥಿಂಗ್‌ನಲ್ಲಿ ಕಾನೂನು ಬಲ್ಲ ಮುದುಕ ತೋರ್ಗ್ನಿ ಸ್ವೀಡನ್ನಿನ ರಾಜನಿಗೆ ಬೆದರಿಕೆ ಹಾಕುವ ಭಾಗ ಬಹಳ ಪ್ರಸಿದ್ಧ. ನಾರ್ವೆ ಜೊತೆ ಶಾಂತಿ ಮಾಡಿಕೋ, ಇಲ್ಲದಿದ್ದರೆ ನಿನ್ನನ್ನು ಕೊಲ್ಲುತ್ತೇವೆ, ನಮ್ಮ ಹಿರಿಯರು ಹಿಂದೆ ಐದು ರಾಜರನ್ನು ಬಾವಿಗೆ ನೂಕಿದ್ದರು ಅಂತಾನೆ. ರೈತರು ಆಯುಧ ಬಡಿದು ಸದ್ದು ಮಾಡುತ್ತಾರೆ, ರಾಜ ಬಗ್ಗುತ್ತಾನೆ. ಓದಲು ರೋಮಾಂಚನ ಆಗುತ್ತದೆ, ಆದರೆ ಇದು ಸ್ನೋರಿಯ ಕೈಚಳಕ ಅಂತ ಇತಿಹಾಸಕಾರರಲ್ಲಿ ಬಹಳ ಮಂದಿ ಹೇಳುತ್ತಾರೆ. ಹಾಗಂತ ಎಸೆಯಬೇಡಿ. ಭಾಷಣ ಸಿಕ್ಕಾಗ ಪಕ್ಕದಲ್ಲಿ ಆ ಸೀಮೆಯ ಕಾನೂನು ಪುಸ್ತಕ ಇಟ್ಟುಕೊಂಡು ತಾಳೆ ನೋಡಿ. ಸ್ವೀಡನ್ನಿನ ವೆಸ್ಟರ್‌ಗೋಟ್ಲಂಡ್‌ನ ಕಾನೂನು, ರಾಜನನ್ನು ಆರಿಸುವ ಹಕ್ಕೂ ಓಡಿಸುವ ಹಕ್ಕೂ ಸ್ವೇಯರ್, ಅಂದರೆ ಉಪ್ಸಾಲಾ ಕಡೆಯ ಜನರದ್ದು ಅನ್ನುತ್ತದೆ. ಹೊಸ ರಾಜ ಸೀಮೆ ಸೀಮೆಗೂ ಸವಾರಿ ಹೋಗಿ ಒಪ್ಪಿಗೆ ಪಡೆಯಬೇಕಿತ್ತು, ಸೀಮೆಗೆ ಕಾಲಿಡುವಾಗ ಒತ್ತೆಯಾಳು ಪಡೆಯುವ ಪದ್ಧತಿ. 1130ರ ಆಸುಪಾಸು ರಾಗ್ನ್‌ವಾಲ್ಡ್ ಎಂಬ ರಾಜ ಒತ್ತೆಯಾಳು ಇಲ್ಲದೆ ಧಿಮಾಕಿನಿಂದ ಒಳಗೆ ಬಂದ, ಅಲ್ಲಿಯ ಜನ ಕೊಂದೇಬಿಟ್ಟರು. ನಾರ್ವೆಯ ಫ್ರೋಸ್ಟಾಥಿಂಗ್ ಕಾನೂನಿನಲ್ಲಂತೂ ರಾಜ ಯಾರದಾದರೂ ಮನೆ ಮೇಲೆ ಅನ್ಯಾಯವಾಗಿ ದಾಳಿ ಮಾಡಿದರೆ ಕರೆಯ ಗುರುತಾಗಿ ಬಾಣ ಕಳಿಸಿ ಊರೂರಿನ ಜನ ಸೇರಬೇಕು, ಸಿಕ್ಕರೆ ಅವನನ್ನು ಕೊಲ್ಲಬೇಕು, ತಪ್ಪಿಸಿಕೊಂಡರೆ ಅವನು ಮತ್ತೆ ದೇಶಕ್ಕೆ ಬರುವಂತಿಲ್ಲ ಅಂತ ಬರೆದಿದೆ. ಬಾಯಲ್ಲಿ ಆಡಿದ ಬೆದರಿಕೆಗಿಂತ ಕಾನೂನಿನಲ್ಲಿ ಬರೆದದ್ದೇ ಖಾರವಾಗಿದೆ, ಅಲ್ವಾ?

ಆಸ್ಥಾನ ಕವಿಗಳ ಪದ್ಯಗಳಿಗೆ ಸ್ನೋರಿಯೇ ಒಂದು ಸೂತ್ರ ಕೊಟ್ಟಿದ್ದಾನೆ. ರಾಜನ ಮುಂದೆಯೇ ಹಾಡಿದ ಹೊಗಳಿಕೆಯಲ್ಲಿ ನಡೆಯದ ಕಾರ್ಯವನ್ನು ನಡೆದದ್ದು ಅಂತ ಸೇರಿಸಿದರೆ ಎಲ್ಲರಿಗೂ ಸುಳ್ಳು ಅಂತ ಗೊತ್ತಾಗುತ್ತದೆ, ಅದು ಹೊಗಳಿಕೆಯಾಗದೆ ಗೇಲಿಯಾಗುತ್ತದೆ. ಹಾಗಾಗಿ ಪದ್ಯದಲ್ಲಿರುವ ಊರು, ಯುದ್ಧಗಳನ್ನು ನಂಬಬಹುದು, ವಿಶೇಷಣಗಳನ್ನು ಸ್ವಲ್ಪ ಕಮ್ಮಿ ಮಾಡಿಕೊಂಡು ಓದಿ. ಕವಿ ಹೊಗಳೋದನ್ನು ಬಿಟ್ಟು ಬೈದಾಗಲಂತೂ ಕಿವಿ ನೆಟ್ಟಗಾಗಬೇಕು. ಸ್ಟಿಕ್ಲೆಸ್ಟಾಡ್ ಆದಮೇಲೆ ಓಲಾಫ್‌ನ ಮಗ ಮಾಗ್ನುಸ್ ರಾಜನಾಗಿ ಅಪ್ಪನ ಶತ್ರುಗಳ ಮೇಲೆ ಸೇಡು ತೀರಿಸಲು ಹೊರಟಾಗ, ಸಿಗ್ವಾಟ್ ಕವಿ ರೈತರ ದನ ಕಡಿಯುವ ರಾಜನಿಗೆ ಯಾರು ಬುದ್ಧಿ ಹೇಳಿಕೊಟ್ಟರು ಅಂತ ಪದ್ಯದಲ್ಲೇ ಕೇಳಿದ. ಮಾಗ್ನುಸ್ ದಾರಿ ಬದಲಿಸಿದ, ಒಳ್ಳೆಯ ಮಾಗ್ನುಸ್ ಅಂತ ಹೆಸರೂ ಬಂತು.

ಉಡುಗೊರೆ ಕಂಡರೆ ನಿಲ್ಲಿ

ಔಡುನ್ ಎಂಬ ಬಡ ಐಸ್‌ಲ್ಯಾಂಡಿನವ ಇದ್ದಬದ್ದದ್ದೆಲ್ಲ ಕೊಟ್ಟು ಗ್ರೀನ್‌ಲ್ಯಾಂಡಿನಲ್ಲಿ ಒಂದು ಹಿಮಕರಡಿ ಕೊಳ್ಳುತ್ತಾನೆ, ಡೆನ್ಮಾರ್ಕಿನ ಸ್ವೆಯ್ನ್ ರಾಜನಿಗೆ ಕೊಡಬೇಕು ಅಂತ. ದಾರಿಯಲ್ಲಿ ನಾರ್ವೆ. ಅಲ್ಲಿ ಹರಾಲ್ಡ್ ರಾಜ, ಸ್ವೆಯ್ನ್‌ನ ಬದ್ಧವೈರಿ. ಕೊಂಡ ಬೆಲೆಗೆ ಕೊಡ್ತೀಯಾ? ಇಲ್ಲ. ಎರಡರಷ್ಟಕ್ಕೆ? ಇಲ್ಲ. ಸುಮ್ನೆ ಕೊಡ್ತೀಯಾ? ಇಲ್ಲ. ಹರಾಲ್ಡ್ ಅವನನ್ನು ಬಿಟ್ಟುಕಳಿಸುತ್ತಾನೆ, ವಾಪಸ್ ಬರುವಾಗ ಸ್ವೆಯ್ನ್ ಏನು ಕೊಟ್ಟ ಅಂತ ಹೇಳಿಹೋಗು ಅನ್ನೋ ಒಂದೇ ಷರತ್ತಿನ ಮೇಲೆ. ಇಬ್ಬರು ರಾಜರ ಪೈಪೋಟಿ ಇಲ್ಲಿ ಕತ್ತಿಯಲ್ಲಿ ನಡೆಯುತ್ತಿಲ್ಲ, ದೊಡ್ಡ ಮನಸ್ಸು ಯಾರದು ಅನ್ನುವುದರಲ್ಲಿ ನಡೆಯುತ್ತಿದೆ. ಕೊಟ್ಟವನಿಗೆ ತೆಗೆದುಕೊಂಡವನು ಋಣಿ, ಜಿಪುಣ ರಾಜನಿಗೆ ಜನ ನಿಲ್ಲುವುದಿಲ್ಲ.

ಇದರ ಇನ್ನೊಂದು ಮುಖ ಗ್ರಿಮ್ಸೆ ದ್ವೀಪದ ಪ್ರಸಂಗ. ಓಲಾಫ್ ರಾಜ ಸ್ನೇಹದ ಗುರುತಾಗಿ ಐಸ್‌ಲ್ಯಾಂಡಿನ ಉತ್ತರದ ಆ ಪುಟ್ಟ ದ್ವೀಪವನ್ನು ಕೇಳುತ್ತಾನೆ. ಐನಾರ್ ಎಂಬ ಮುಖಂಡ ಹೇಳುತ್ತಾನೆ: ಈ ರಾಜ ಒಳ್ಳೆಯವನೇ ಇರಬಹುದು, ಆದರೆ ರಾಜರು ಎಲ್ಲರೂ ಒಂದೇ ಥರ ಇರೋದಿಲ್ಲ. ಡೇಗೆ ಕೊಡೋಣ, ಕುದುರೆ ಕೊಡೋಣ, ಹಾಯಿ ಕೊಡೋಣ, ನೆಲ ಬೇಡ. ಅಲ್ಲಿ ಸೈನ್ಯ ಬಂದು ಕೂತರೆ ನಮ್ಮ ರೈತರ ಬಾಗಿಲಿಗೆ ಬರಲು ಎಷ್ಟು ಹೊತ್ತು? ಇದನ್ನು ಬರೆಯುವಾಗ ಸ್ನೋರಿಯ ತಲೆಯಲ್ಲಿ ತನ್ನ ಕಾಲದ ಹಾಕೋನ್ ಇದ್ದ ಅಂತ ಅನುಮಾನ ಪಡಲು ಧಾರಾಳ ಕಾರಣ ಇದೆ. 1262ರಿಂದ 1264ರ ನಡುವೆ ಐಸ್‌ಲ್ಯಾಂಡ್ ನಾರ್ವೆಯ ಕೈಕೆಳಗೆ ಹೋಗಿಯೇ ಬಿಟ್ಟಿತು.

ರಕ್ತ, ಆಮೇಲೆ ದೇವರು

ಯಾರು ರಾಜನಾಗಬಹುದು ಅನ್ನುವ ಪ್ರಶ್ನೆಗೆ ನಾರ್ವೆಯಲ್ಲಿ ಬಹಳ ಕಾಲ ಇದ್ದ ಉತ್ತರ: ರಾಜನ ಯಾವ ಮಗನಾದರೂ ಸರಿ, ಮದುವೆಯಲ್ಲಿ ಹುಟ್ಟಿದ್ದೇ ಆಗಬೇಕು ಅಂತಿಲ್ಲ, ಹಿರಿಯನೇ ಆಗಬೇಕು ಅಂತಲೂ ಇಲ್ಲ, ಥಿಂಗ್ ಒಪ್ಪಬೇಕು ಅಷ್ಟೇ. ಇದರ ಪರಿಣಾಮ ಊಹಿಸಬಹುದು. ಹರಾಲ್ಡ್ ಗಿಲ್ಲೆ ಐರ್ಲೆಂಡಿನಿಂದ ಬಂದು ನಾನು ಬರಿಗಾಲ ಮಾಗ್ನುಸ್ ರಾಜನ ಮಗ ಅಂದ. ಕಾದು ಕೆಂಪಾದ ಒಂಬತ್ತು ನೇಗಿಲ ಗುಳಗಳ ಮೇಲೆ ಬರಿಗಾಲಲ್ಲಿ ನಡೆದು ಸಾಬೀತು ಮಾಡಿದ ಅಂತ ಕಥೆ. 1130ರಲ್ಲಿ ಶುರುವಾದ ಅಂತರ್ಯುದ್ಧ ಬಿಟ್ಟು ಬಿಟ್ಟು 1240ರವರೆಗೆ ನಡೆಯಿತು. ಹರಾಲ್ಡ್ 1135ರಲ್ಲಿ ತನ್ನ ಜೊತೆಗೇ ಆಳುತ್ತಿದ್ದ ಇನ್ನೊಬ್ಬ ರಾಜನ ಕಣ್ಣು ಕೀಳಿಸಿದ, 1136ರಲ್ಲಿ ತಾನೇ ಕೊಲೆಯಾದ. ಅವನ ಮಗ ಇಂಗೆ ರಾಜನಾದಾಗ ಎಳೆಗೂಸು. 1137ರ ಒಂದು ಕಾಳಗದಲ್ಲಿ ಅವನ ಕಡೆಯ ಮುಖಂಡ ಮಗುವನ್ನು ನಿಲುವಂಗಿಯ ಮಡಿಲಲ್ಲಿ ಕಟ್ಟಿಕೊಂಡು ಬಾವುಟದ ಕೆಳಗೆ ಹೋರಾಡಿದನಂತೆ. ಆಳುವವರು ಯಾರು ಅಂತ ಇಲ್ಲಿ ಬೇರೆ ಹೇಳಬೇಕಾ?

ಚಕ್ರ ತಿರುಗಿದ್ದು 1163ರಲ್ಲಿ. ಆ ವರ್ಷ ಅಥವಾ ಮುಂದಿನ ವರ್ಷ ಬೆರ್ಗೆನ್‌ನಲ್ಲಿ ಮಾಗ್ನುಸ್ ಎರ್ಲಿಂಗ್‌ಸನ್ ಎಂಬ ಹುಡುಗನಿಗೆ ಚರ್ಚು ಕಿರೀಟ ತೊಡಿಸಿತು, ಆ ಭಾಗದ ದೇಶಗಳಲ್ಲೇ ಮೊದಲ ಪಟ್ಟಾಭಿಷೇಕ. ಇವನಿಗೆ ರಾಜರಕ್ತ ಬಂದದ್ದು ತಾಯಿಯಿಂದ, ಹಾಗಾಗಿ ಹಳೇ ನಿಯಮದ ಬದಲು ಹೊಸ ನಿಯಮ ಬೇಕಿತ್ತು: ಮದುವೆಯಲ್ಲಿ ಹುಟ್ಟಿದ ಹಿರಿಮಗನೇ ರಾಜ. ಅದನ್ನು ಫೆರೋ ದ್ವೀಪದಿಂದ ಬಂದ ಸ್ವೆರೆ ಧೂಳೀಪಟ ಮಾಡಿದ. 1184ರಲ್ಲಿ ಫಿಮ್ರೈಟೆ ಕಾಳಗದಲ್ಲಿ ಮಾಗ್ನುಸ್ ಸತ್ತ. ತಮಾಷೆ ಅಂದರೆ ಬಿಷಪ್‌ಗಳ ಜೊತೆ ಜಗಳವಾಡಿದ ಸ್ವೆರೆಯ ವಾದವೂ ದೇವರನ್ನೇ ಹಿಡಿದಿತ್ತು: ರಾಜನಿಗೆ ಅಧಿಕಾರ ನೇರ ದೇವರಿಂದ ಬರುತ್ತದೆ, ಬಿಷಪ್‌ಗಳ ಕೈಯಿಂದ ಅಲ್ಲ.

1250ರ ದಶಕದ ಹೊತ್ತಿಗೆ ಬಂದ ರಾಜದರ್ಪಣ ಎಂಬ ಗ್ರಂಥದಲ್ಲಿ ಈ ಹೊಸ ಗಾಳಿ ಜೋರಾಗಿ ಬೀಸುತ್ತದೆ. ಅಪ್ಪ ಮಗನಿಗೆ ರಾಜನ ಮುಂದೆ ಹೋಗುವ ರೀತಿ ಕಲಿಸುತ್ತಾನೆ: ತಲೆ ಬಾಚು, ಗಡ್ಡ ನೀವಿಕೋ, ಮೇಲುಹೊದಿಕೆ ತೆಗೆದಿಡು. ಮಗ ಕೇಳುತ್ತಾನೆ, ನಮ್ಮ ಕಡೆ ಹಾಗೆ ಹೊದಿಕೆ ಇಲ್ಲದೆ ಓಡಾಡಿದರೆ ಹುಚ್ಚ ಅಂತಾರಲ್ಲ? ಹಳೇ ಕಾಲಕ್ಕೂ ಹೊಸ ಆಸ್ಥಾನಕ್ಕೂ ಇರುವ ದೂರ ಈ ಒಂದು ಪ್ರಶ್ನೆಯಲ್ಲಿದೆ. ಹಾಗಾಗಿ ಯಾವ ಪಠ್ಯ ಸಿಕ್ಕರೂ ಅದು ಯಾವ ಪಕ್ಷ ಅಂತ ಗುರುತು ಹಾಕಿಕೊಳ್ಳಿ: ಜನ ಆರಿಸಿದ ರಾಜನೋ, ದೇವರು ಕೂರಿಸಿದ ರಾಜನೋ. ಒಂದೇ ಸಾಗಾದಲ್ಲಿ ಎರಡೂ ಬೆರೆತಿರುವುದೇ ಜಾಸ್ತಿ.

ಸುಗ್ಗಿಯ ವಿಷಯ ಚಿಕ್ಕದಾಗಿ ಹೇಳುತ್ತೇನೆ. ಬೆಳೆ ಕೆಟ್ಟಾಗ ಸ್ವೇಯರ್ ಜನ ಮೊದಲ ವರ್ಷ ಎತ್ತು, ಎರಡನೇ ವರ್ಷ ಮನುಷ್ಯರು, ಮೂರನೇ ವರ್ಷ ಡೊಮಾಲ್ಡಿ ರಾಜನನ್ನೇ ಬಲಿ ಕೊಟ್ಟರು ಅನ್ನುವ ಕಥೆಯಿದೆ. ಸುಭಿಕ್ಷ ತಂದ ಕಪ್ಪು ಹಾಫ್ದಾನ್ ಸತ್ತಾಗ ಅವನ ದೇಹವನ್ನು ನಾಲ್ಕು ಸೀಮೆಯವರು ಹಂಚಿಕೊಂಡು ಹೂತರು ಅನ್ನುವುದೂ ಇದೆ. ಇವು ಪುರಾಣದ ಕಡೆ ವಾಲುವ ಕಥೆಗಳು. ಇವನ್ನೇ ಹಿಡಿದು ಪವಿತ್ರ ರಾಜತ್ವ ಅಂತ ದೊಡ್ಡ ಸಿದ್ಧಾಂತ ಕಟ್ಟುವವರಿದ್ದಾರೆ, ನನಗೆ ಅದು ಅತಿ ಅನ್ನಿಸುತ್ತದೆ.

ಎಲ್ಲಿಂದ ಶುರು ಮಾಡಬೇಕು ಅಂದರೆ, ಹೈಮ್ಸ್‌ಕ್ರಿಂಗ್ಲಾವನ್ನು ಮೊದಲ ಪುಟದಿಂದ ಹಿಡಿಯಬೇಡಿ, ಮೊದಲು ಸಿಗೋದು ಆ ಪುರಾಣವೇ. ಔಡುನ್‌ನ ಕರಡಿ ಕಥೆ ಒಂದು ಸಂಜೆಯಲ್ಲಿ ಮುಗಿಯುತ್ತದೆ, ಅದನ್ನು ಮೊದಲು ಓದಿ. ಆಮೇಲೆ ಓಲಾಫ್ ಸಾಗಾದ ಆಸ್ಬ್ಯೋರ್ನ್ ಭಾಗ, ಹಾಕೋನ್‌ನ ಊಟ, ಅದಾದ ಮೇಲೆ ಸ್ವೆರೆ, ಕೊನೆಗೆ ರಾಜದರ್ಪಣ. ಓದುವಾಗ ಒಂದು ಹಾಳೆಯಲ್ಲಿ ಹೆಸರು ಬರೆದುಕೊಳ್ಳಿ, ಪ್ರತಿ ಹೆಸರಿನ ಮುಂದೆ ಯಾರ ಅಳಿಯ, ಯಾರ ಸಾಕುಮಗ, ಯಾವ ಊರು ಅಂತ ಮೂರೇ ವಿಷಯ ಸಾಕು. ಹೆಣ್ಣುಮಕ್ಕಳ ಹೆಸರನ್ನು ಬಿಡಬೇಡಿ. ಸಿಗ್ರಿಡ್ ಎರ್ಲಿಂಗ್‌ನ ತಂಗಿ ಅನ್ನುವುದು ಗೊತ್ತಿಲ್ಲದಿದ್ದರೆ ಆ 1500 ಜನ ಯಾಕೆ ಬಂದರು ಅಂತಲೇ ಗೊತ್ತಾಗುವುದಿಲ್ಲ.